ಸಂಜಯನ ಕಣ್ಣು, ಉಪಗ್ರಹದ ಕಣ್ಣು

ಸಂಜಯನ ದಿವ್ಯದೃಷ್ಟಿಯೇ ಇಂದಿನ ಬೇಹುಗಾರಿಕೆಯ ಉಪಗ್ರಹವೆಂದು ಸಾರುವ ವಾಡಿಕೆ ಭಾಷಣಗಳಲ್ಲಿಯೂ ಲೇಖನಗಳಲ್ಲಿಯೂ ಬೆಳೆದಿದೆ. ಇದು ಕಾವ್ಯವನ್ನು ನಿಂತು ಓದಿದವರ ಮಾತಲ್ಲವೆಂದು ನಮ್ಮ ಮತ.

ಭೀಷ್ಮಪರ್ವದಲ್ಲಿ ವ್ಯಾಸರು ಮೊದಲು ಕಣ್ಣು ಕೊಡಲು ಬಂದುದು ಧೃತರಾಷ್ಟ್ರನಿಗೆ. ಜ್ಞಾತಿವಧೆಯನ್ನು ನೋಡಲೊಲ್ಲೆ, ಕೇಳಿದರೆ ಸಾಕೆಂದು ಅವನು ಹಿಂಜರಿದ ಮೇಲೆಯೇ ವರವು ಸಂಜಯನಿಗೆ ಸಂದಿತು. ಅನ್ಯರ ಮನಸ್ಸಿನ ಆಲೋಚನೆಯೂ ಅವನಿಗೆ ಗೋಚರ. ಆದರೆ ಆ ಕಣ್ಣು ಗುರಿಯಿಡುವುದಕ್ಕೆ ಕೊಟ್ಟುದಲ್ಲ. ತಂದೆಗೆ ಮಕ್ಕಳ ಸಾವನ್ನು ತಿಳಿಸುವುದಕ್ಕೆ ಕೊಟ್ಟುದು. ಅರಸನು ಕೇಳುತ್ತ ಕೇಳುತ್ತ ಕುಸಿಯುವುದೇ ಅಲ್ಲಿಯ ರಸ. ಯಂತ್ರವನ್ನು ತಂದಿಟ್ಟೊಡನೆ ಆ ರಸವು ಬತ್ತುತ್ತದೆ.

ಉಪಗ್ರಹದ ಧರ್ಮವೇ ಬೇರೆ. 2001ರ ಟಿ.ಇ.ಎಸ್. ಒಂದು ಮೀಟರಿನಷ್ಟು ಸಣ್ಣದನ್ನು ಗುರುತಿಸಿತು; 2009ರ ರಿಸ್ಯಾಟ್-2 ಮೋಡವನ್ನೂ ಇರುಳನ್ನೂ ದಾಟಿ ನೋಡಿತು; 2013ರ ಜಿಸ್ಯಾಟ್-7 ನೌಕಾಪಡೆಯ ಸಂದೇಶಗಳಿಗೆಂದೇ ಏರಿತು. ಇವು ಸೇನೆಗೆ ನೆರವಾಗುವ ಸಾಧನಗಳು, ಶೋಕಕ್ಕೆ ಸಾಕ್ಷಿಗಳಲ್ಲ. ಸಂಜಯನನ್ನು ಶಸ್ತ್ರಗಳು ಭೇದಿಸವೆಂಬ ಮಾತೂ ಆ ವರದಲ್ಲಿಯೇ ಇದೆ. ಉಪಗ್ರಹಕ್ಕೆ ಅಂಥ ಅಭಯವಿಲ್ಲ: 2019ರ ಮಾರ್ಚ್ 27ರಂದು ಭಾರತವು ತನ್ನದೇ ಮೈಕ್ರೋಸ್ಯಾಟ್-ಆರ್ ಅನ್ನು ಸುಮಾರು 300 ಕಿಲೋಮೀಟರ್ ಎತ್ತರದಲ್ಲಿ ಕ್ಷಿಪಣಿಯಿಂದ ಒಡೆದು ತೋರಿಸಿತು. 1967ರ ಅಂತರಿಕ್ಷ ಒಪ್ಪಂದವು ಕಕ್ಷೆಯಲ್ಲಿ ಪರಮಾಣ್ವಸ್ತ್ರವನ್ನಿಡುವುದನ್ನು ನಿಷೇಧಿಸಿತೇ ಹೊರತು ಇಂಥದನ್ನಲ್ಲ.

ಪ್ರಾಚೀನರ ವಿಜ್ಞಾನದಲ್ಲಿ ಹೆಮ್ಮೆ ಬೇಕೆಂಬವರು ದೂರ ಹೋಗಬೇಕಾಗಿಲ್ಲ. ನಮ್ಮ ಸೇಡಂ ಸೀಮೆಯ ಮಳಖೇಡದಿಂದ ಆಳಿದ ಅಮೋಘವರ್ಷನನ್ನು ಸ್ತುತಿಸಿ ಮಹಾವೀರಾಚಾರ್ಯರು ಗಣಿತಸಾರಸಂಗ್ರಹವನ್ನು ರಚಿಸಿದ್ದಾರೆ. ಅದರಲ್ಲಿ ದಿವ್ಯದೃಷ್ಟಿಯಿಲ್ಲ; ಭಿನ್ನರಾಶಿಯುಂಟು, ತ್ರೈರಾಶಿಕವುಂಟು, ಕ್ಷೇತ್ರಗಣಿತವುಂಟು. ಭಾಷಣಕಾರರು ಅದನ್ನು ತೆರೆದಂತೆ ಕಾಣುವುದಿಲ್ಲ.