ಸಿಸ್‌ಪ್ಲಾಟಿನಾ ಪ್ರಾಂತ: ಸಮ್ಮತಿಯ ಪ್ರಶ್ನೆ

ಇಂದಿನ ಉರುಗ್ವೆ ದೇಶವು 1821ರಿಂದ 1828ರವರೆಗೆ ಸಿಸ್‌ಪ್ಲಾಟಿನಾ ಎಂಬ ಪ್ರಾಂತವಾಗಿ ಮೊದಲು ಪೋರ್ಚುಗಲಿಗೂ ಬಳಿಕ ಬ್ರೆಜಿಲ್ ಸಾಮ್ರಾಜ್ಯಕ್ಕೂ ಸೇರಿದ್ದಿತು. ಇದನ್ನು ಬರಿಯ ಸೈನಿಕ ಆಕ್ರಮಣವೆಂದು ಬರೆದು ಮುಗಿಸುವ ವಾಡಿಕೆ ಒಪ್ಪತಕ್ಕದ್ದಲ್ಲ. 1817ರಲ್ಲಿ ಮಾಂಟೆವಿಡಿಯೋ ನಗರವನ್ನು ಹಿಡಿದ ಸೇನಾನಿ ಲೆಕೋರನು ಕತ್ತಿಯೊಂದನ್ನೇ ನೆಚ್ಚಿದವನಲ್ಲ. 1815ರಲ್ಲಿ ಆರ್ತಿಗಾಸನು ವಿರೋಧಿಗಳ ಭೂಮಿಯನ್ನು ಸ್ವತಂತ್ರ ಕಪ್ಪು ಜನರಿಗೂ ಇಂಡಿಯನ್ನರಿಗೂ ಬಡ ಕ್ರಿಯೋಲರಿಗೂ ಹಂಚಲು ನಿಬಂಧನೆ ಮಾಡಿದ್ದನಷ್ಟೆ. ಅದರಿಂದ ಬೆದರಿದ ದೊಡ್ಡ ಭೂಮಾಲಿಕರು ಲೆಕೋರನಲ್ಲಿ ಆಶ್ರಯ ಕಂಡರು. ಕಬಿಲ್ದೋ ಎಂಬ ನಗರಸಭೆಯನ್ನೂ ಅವನು ಉಳಿಸಿಕೊಂಡನು. 1821ರ ಜುಲೈಯಲ್ಲಿ ವಿಲೀನಕ್ಕೆ ಮತವಿತ್ತ ಸಭೆಯಲ್ಲಿ ಅವನ ಪಕ್ಷದವರದೇ ಮೇಲುಗೈ. ಕಾಗದದ ಮೇಲಣ ಷರತ್ತುಗಳೇನೋ ಉದಾರವಾಗಿಯೇ ಇದ್ದುವು! ಆ ಮತವನ್ನು ಸುಳ್ಳೆನ್ನಲಾಗದು, ಜನಮತವೆನ್ನಲೂ ಆಗದು. 1825ರಲ್ಲಿ ಲಾವಯೇಹನ ದಂಗೆ ಮೊದಲಾದೊಡನೆ, ಬ್ರೆಜಿಲಿನ ಸೇವೆಯಲ್ಲಿದ್ದ ರಿವೇರನೇ ದಂಗೆಕೋರರನ್ನು ಕೂಡಿಕೊಂಡನು.