ಹೆಸರು ಕೇಳದ ಚಿತ್ರಪಟ

ತಡಸದಲ್ಲಿ ಅಕ್ಕನ ಐದು ವರ್ಷದ ಮಗಳು ಹಳೆಯ ಕಂಪ್ಯೂಟರಿನ ಮುಂದೆ ಕೂತು ಟಕ್ಸ್ ಪೇಂಟ್ ಎಂಬ ಚಿತ್ರ ಬಿಡಿಸುವ ತಂತ್ರಾಂಶದಲ್ಲಿ ಹುಲ್ಲಿನ ಕುಂಚ ಎಳೆಯುತ್ತಿದ್ದಳು. ಪರದೆಯ ಕೆಳಗೆ ಎಳೆದರೆ ಹುಲ್ಲು ದೊಡ್ಡದು. ಮೇಲೇರಿದಂತೆ ಸಣ್ಣದು, ಇನ್ನಷ್ಟು ಕಪ್ಪು.

‘ಮಾಮಾ, ನಮ್ಮ ಹೊಲಾನೂ ಹಿಂಗಽ ಕಾಣ್ತೈತಿ!’

ದೂರ ಹತ್ತಿರದ ಪಾಠ ಯಾರೂ ಹೇಳದೆ ಅವಳ ಕೈಗೆ ಬಂದಿತ್ತು.

2002ರಲ್ಲಿ ಬಿಲ್ ಕೆಂಡ್ರಿಕ್ ಪುಟ್ಟ ಮಕ್ಕಳಿಗೆಂದೇ ಶುರುಮಾಡಿದ ಈ ತಂತ್ರಾಂಶ ಉಚಿತ. ನನಗೆ ಬಹಳ ಹಿಡಿಸಿದ್ದು ಅದು ಚಿತ್ರ ಉಳಿಸುವ ರೀತಿ. ಕಡತದ ಹೆಸರು ಕೇಳುವುದೇ ಇಲ್ಲ! ಅಕ್ಷರ ಬಾರದ ಮಗುವಿಗೆ ಹೆಸರು ಬರೆ ಎನ್ನುವುದು ಎಂಥ ಶಿಕ್ಷೆ. ಇಲ್ಲಿ ಬರೆದ ಚಿತ್ರಗಳೇ ಪುಟ್ಟದಾಗಿ ಸಾಲುಗಟ್ಟಿ ಕೂರುತ್ತವೆ. ತನ್ನದನ್ನು ಮಗು ನೋಡಿಯೇ ಗುರುತಿಸುತ್ತದೆ. ತಪ್ಪಿದರೆ ಹಿಂದಕ್ಕೆ ಹೋಗಲು ಒಂದೇ ಒತ್ತು.

ಅಷ್ಟರಲ್ಲಿ ಅವಳು ಹುಲ್ಲಿನ ನಡುವೆ ಕೆಂಪು ಎತ್ತು ನಿಲ್ಲಿಸಿದ್ದಳು.