ಕೇಳದೆ ಅಳಿಸಿದ ನೆನಪು

ಹ್ಯಾರಿ ಪಾಟರ್ ಸರಣಿಯ ಕೊನೆಯ ಕಾದಂಬರಿಯನ್ನು (2007) ಮೊದಲ ಸಲ ಓದಿದಾಗ ನನ್ನ ಕಣ್ಣು ತುಂಬಿದ್ದು ಯಾವ ಸಾವಿನ ಪ್ರಸಂಗಕ್ಕೂ ಅಲ್ಲ, ಶುರುವಿನಲ್ಲೇ ಹರ್ಮಯೊನಿ ಹೇಳುವ ನಾಲ್ಕು ಮಾತಿಗೆ. ಯುದ್ಧ ಹತ್ತಿರವಾಗುತ್ತಿದೆ. ತಂದೆತಾಯಿಯನ್ನು ಉಳಿಸಲು ಆಕೆ ಅವರ ನೆನಪನ್ನೇ ತಿದ್ದಿದ್ದಾಳೆ. ಈಗ ಅವರಿಗೆ ಬೇರೆ ಹೆಸರು, ಆಸ್ಟ್ರೇಲಿಯಾಕ್ಕೆ ಹೋಗಿ ನೆಲೆಸುವ ಆಸೆ. ತಮಗೊಬ್ಬ ಮಗಳಿದ್ದಾಳೆ ಎಂಬುದೇ ಗೊತ್ತಿಲ್ಲ. ಇದಕ್ಕಿಂತ ದೊಡ್ಡ ತ್ಯಾಗ ಇನ್ನೇನಿದೆ ಅಂದುಕೊಂಡಿದ್ದೆ. ಈಚೆಗೆ ಮತ್ತೆ ಓದುವಾಗ ಬೇರೊಂದು ಪ್ರಶ್ನೆ ಕಾಡಿತು: ಅವರನ್ನು ಒಂದು ಮಾತು ಕೇಳಿದ್ದಳೇ?

ಜೆ. ಕೆ. ರೌಲಿಂಗ್ ಕಟ್ಟಿದ ಲೋಕದಲ್ಲಿ ನೆನಪಿನದ್ದೇ ಒಂದು ಮಂತ್ರವಿದ್ಯೆಯಿದೆ. ಮಂತ್ರದಂಡದ ತುದಿಯಿಂದ ನೆನಪನ್ನು ಬೆಳ್ಳಿಯ ಎಳೆಯಂತೆ ಹೊರಗೆಳೆಯಬಹುದು. ಪೆನ್ಸೀವ್ ಎಂಬ ಕಲ್ಲಿನ ಬೋಗುಣಿಗೆ ಸುರಿದು ಒಳಹೊಕ್ಕು ನೋಡಬಹುದು. ಅಳಿಸಬಹುದು, ನಡೆಯದ್ದನ್ನು ತುಂಬಲೂಬಹುದು. ಆದರೆ ಅಳಿಸಿದ್ದು ಪೂರ್ತಿ ಅಳಿಯುವುದಿಲ್ಲ. ಸುಣ್ಣ ಬಳಿದ ಗೋಡೆಯ ಹಾಗೆ, ಹಳೆಯ ಬರಹ ಅಡಿಯಲ್ಲೇ ಇರುತ್ತದೆ. ಪ್ರೊಫೆಸರ್ ಸ್ಲಗ್‌ಹಾರ್ನ್ ನಾಚಿಕೆಯಿಂದ ತನ್ನದೇ ನೆನಪಿಗೆ ಹಾಕಿದ ತೇಪೆ ಎದ್ದು ಕಾಣುತ್ತದೆ: ಅಲ್ಲಿ ಮಂಜು ಕವಿಯುತ್ತದೆ, ದನಿ ಅಸಹಜವಾಗಿ ಜೋರಾಗುತ್ತದೆ. ಬರ್ತಾ ಜಾರ್ಕಿನ್ಸ್‌ಳ ಮೇಲೆ ಹಾಕಿದ್ದ ಮರೆವಿನ ಮಂತ್ರವನ್ನು ವೊಲ್ಡೆಮೊರ್ಟ್ ಹಿಂಸೆಯಿಂದ ಒಡೆಯುತ್ತಾನೆ. ನೆನಪು ಸಿಗುತ್ತದೆ, ಮನಸ್ಸೂ ದೇಹವೂ ಸರಿಪಡಿಸಲಾಗದಷ್ಟು ಹಾಳಾಗುತ್ತವೆ.

ಈ ವಿದ್ಯೆಯನ್ನು ಯಾರು ಯಾರ ಮೇಲೆ ಬಳಸುತ್ತಾರೆ ಎಂದು ನೋಡುತ್ತ ಹೋದರೆ ಕಾದಂಬರಿಗಳ ಪಕ್ಷಪಾತ ಕಾಣುತ್ತದೆ. ಎರಡನೆಯ ಪುಸ್ತಕದ (1998) ಲಾಕ್‌ಹಾರ್ಟ್ ಇತರರ ಸಾಹಸಗಳನ್ನು ಕೇಳಿಕೊಂಡು, ಅವರಿಗೆ ಮರೆಸಿ, ತನ್ನದೆಂದು ಬರೆದುಕೊಳ್ಳುತ್ತಾನೆ. ಅವನ ಮಂತ್ರ ಅವನಿಗೇ ತಿರುಗುತ್ತದೆ. ಅದು ತಕ್ಕ ಶಾಸ್ತಿ. ಮಾರ್ಫಿನ್ ಮಾಡದ ಕೊಲೆಯ ನೆನಪು ಹೊತ್ತು ಸೆರೆಮನೆಯಲ್ಲಿ ಸಾಯುತ್ತಾನೆ. ಅದು ಅನ್ಯಾಯ, ಸರಿಯೇ. ಆದರೆ ನಾಲ್ಕನೆಯ ಪುಸ್ತಕದಲ್ಲಿ (2000) ಬಿಡಾರದ ಮೈದಾನ ನೋಡಿಕೊಳ್ಳುವ ರಾಬರ್ಟ್ಸ್ ಎಂಬ ಸಾಮಾನ್ಯ ಮನುಷ್ಯನಿಗೆ ಮಂತ್ರಾಲಯದವರೇ ದಿನಕ್ಕೆ ಹತ್ತು ಸಲ ಮರೆವು ಬರಿಸುತ್ತಾರೆ. ಮುಖವಾಡದವರು ಅವನನ್ನೂ ಹೆಂಡತಿ ಮಕ್ಕಳನ್ನೂ ಗಾಳಿಯಲ್ಲಿ ತೇಲಿಸಿ ಹಿಂಸಿಸಿದ ಮರುದಿನ, ಬೇಸಿಗೆಯಲ್ಲಿ ಆತ ಎಲ್ಲರಿಗೂ ಕ್ರಿಸ್‌ಮಸ್ ಶುಭಾಶಯ ಹೇಳುತ್ತ ನಿಂತಿರುತ್ತಾನೆ. ನಾನೂ ಅಲ್ಲಿ ನಕ್ಕಿದ್ದೆ. ತನಗೆ ಏನಾಯಿತೆಂದು ತಿಳಿಯುವ ಹಕ್ಕನ್ನೇ ಕಳೆದುಕೊಂಡವನನ್ನು ನೋಡಿ ನಕ್ಕಿದ್ದೆ.

ಲಾಕ್‌ಹಾರ್ಟ್ ಮಾಡಿದರೆ ಕಳ್ಳತನ, ಸರ್ಕಾರ ಮಾಡಿದರೆ ಆಡಳಿತ, ಮಗಳು ಮಾಡಿದರೆ ಪ್ರೀತಿ. ಕೆಲಸ ಒಂದೇ.

ಹರ್ಮಯೊನಿಗೂ ಲಾಕ್‌ಹಾರ್ಟ್‌ಗೂ ವ್ಯತ್ಯಾಸವಿದೆ, ಒಪ್ಪುತ್ತೇನೆ. ಅವನಿಗೆ ಲಾಭವಾಯಿತು, ಇವಳಿಗೆ ನಷ್ಟ. ತಾನು ಸತ್ತರೆ ಅಳುವವರೂ ಇರಬಾರದೆಂದು ಹದಿನೇಳರ ಹುಡುಗಿ ಯೋಚಿಸುವುದು ಸಣ್ಣ ಮಾತಲ್ಲ. ಆದರೆ ಮಗಳಿಗಾಗಿ ಅಳುವುದು ಅಪ್ಪ ಅಮ್ಮನ ಹಕ್ಕೂ ಹೌದು. ಅದನ್ನು ಅವಳು ಕಿತ್ತುಕೊಂಡಳು. ಕಾದಂಬರಿ ಇದನ್ನು ಎದುರಿಸುವುದೇ ಇಲ್ಲ. ಕೆಲವೇ ಅಧ್ಯಾಯಗಳ ನಂತರ ಹರ್ಮಯೊನಿ ತಾನು ಇಂಥ ಮಂತ್ರ ಹಾಕಿಯೇ ಇಲ್ಲ, ತತ್ತ್ವ ಮಾತ್ರ ಗೊತ್ತು ಎನ್ನುತ್ತಾಳೆ! ಅಭಿಮಾನಿಗಳು ಇದಕ್ಕೆ ಸಮಜಾಯಿಷಿ ಹುಡುಕುತ್ತಾರೆ. ನನಗೆ ಮಾತ್ರ ಆ ತಂದೆತಾಯಿಯನ್ನು ಪುಸ್ತಕವೇ ಮರೆತಂತೆ ಕಾಣುತ್ತದೆ. 2010ರ ಸಿನಿಮಾದಲ್ಲಿ ಗೋಡೆಯ ಫೋಟೊಗಳಿಂದ ಹುಡುಗಿ ಒಂದೊಂದಾಗಿ ಮಾಯವಾಗುವ ದೃಶ್ಯವಿದೆ. ಪುಸ್ತಕ ಹೇಳಿ ಮುಗಿಸಿದ್ದನ್ನು ಅದು ನಮ್ಮ ಕಣ್ಣೆದುರು ನಡೆಸುತ್ತದೆ. ಆದರೂ ಅಲ್ಲಿ ನಾವು ಅಳುವುದು ಹರ್ಮಯೊನಿಗಾಗಿಯೇ.

ಇಲ್ಲಿ ನನಗೆ ಕಾಳಿದಾಸ ನೆನಪಾಗುತ್ತಾನೆ. ಮಹಾಭಾರತದ ದುಷ್ಯಂತ ಎಲ್ಲ ನೆನಪಿದ್ದೂ ಶಕುಂತಲೆಯನ್ನು ಅಲ್ಲಗಳೆಯುತ್ತಾನೆ. ಕಾಳಿದಾಸ ದೂರ್ವಾಸರ ಶಾಪ ತಂದು ರಾಜನ ತಪ್ಪನ್ನು ಮರೆವಿನ ತಲೆಗೆ ಕಟ್ಟಿದ. ಇದೂ ಒಂದು ಜಾಣತನವೇ. ಆದರೆ ನೆನಪು ಮರಳಿದ ಮೇಲೆ ಏನು ಎಂಬುದನ್ನು ಅವನು ಬಿಡಲಿಲ್ಲ. ಆರನೆಯ ಅಂಕದುದ್ದಕ್ಕೂ ರಾಜ ಪಶ್ಚಾತ್ತಾಪದಲ್ಲಿ ಬೇಯುತ್ತಾನೆ. ಏಳನೆಯದರಲ್ಲಿ ಉಂಗುರ ತೊಡಿಸಲು ಹೋದರೆ ಶಕುಂತಲೆ, ಅದರ ಮೇಲೆ ನಂಬಿಕೆಯಿಲ್ಲವೆಂದು ಬೇಡ ಅನ್ನುತ್ತಾಳೆ. ಅಷ್ಟೇ ಸಾಕು. ಮರಳಿ ಬಂದ ನೆನಪು ಹಳೆಯ ನೆನಪಲ್ಲ, ಅದಕ್ಕೆ ಬಿರುಕಿದೆ ಎಂದು ಗೊತ್ತಾಗುತ್ತದೆ.

ರೌಲಿಂಗ್ ಅವರಲ್ಲಿ ನನಗೆ ಸಿಗದೆ ಹೋದದ್ದು ಈ ಏಳನೆಯ ಅಂಕ. ಬಿಚ್ಚುವ ವಿದ್ಯೆ ಅವರ ಲೋಕದಲ್ಲಿ ಪಕ್ಕಾ ಇದೆ. ಮತ್ತೆ ಕಟ್ಟುವಾಗ ಮಾತ್ರ ಕತೆ ಅವಸರಪಡುತ್ತದೆ. ಸ್ಲಗ್‌ಹಾರ್ನ್ ಕೊನೆಗೆ ನಿಜವಾದ ನೆನಪನ್ನು ತಾನೇ ತೆಗೆದುಕೊಡುತ್ತಾನೆ, ಸಾಯುತ್ತಿರುವ ಸ್ನೇಪ್ ತನ್ನವನ್ನು ಹ್ಯಾರಿಗೆ ಒಪ್ಪಿಸುತ್ತಾನೆ. ಸರಣಿಯ ಅತ್ಯುತ್ತಮ ಪುಟಗಳು ಅವು. ಅಲ್ಲಿ ನೆನಪನ್ನು ಅದರ ಒಡೆಯರೇ ಕೊಡುತ್ತಾರೆ.

ಆಸ್ಟ್ರೇಲಿಯಾದ ಆ ಮನೆಯ ಬಾಗಿಲನ್ನು ಹರ್ಮಯೊನಿ ತಟ್ಟುವ ದೃಶ್ಯ ಕಾದಂಬರಿಯಲ್ಲಿಲ್ಲ. ನಾನು ಅದನ್ನು ಆಗಾಗ ಊಹಿಸಿಕೊಳ್ಳುತ್ತೇನೆ. ಮಂತ್ರ ತೆಗೆದ ಮರುಕ್ಷಣ ಅಮ್ಮ ಏನು ಕೇಳಿರಬಹುದು? ತಬ್ಬಿಕೊಳ್ಳುವ ಮೊದಲೋ ಆಮೇಲೋ, ‘ನಮ್ಮನ್ನು ಯಾಕೆ ಕೇಳಲಿಲ್ಲ?’ ಎಂದು ಕೇಳಿಯೇ ಇರುತ್ತಾಳೆ.